ಗ್ಯಾಲರಿಯಿಂದ ಇಳಿದುಬಂದ ಜಂಬಿಲಾ

ಬೆಳಗಿನ ಐದು ಗಂಟೆ. ಅರಮೇನಿ ಪುರಸಭೆಯ ಹಿಂಬಾಗಿಲಿನ ದೀಪ ಇನ್ನೂ ಆರಿಲ್ಲ. ಚಳಿಗೆ ಬೀಗದ ಕೈ ಬೆರಳಿಗೆ ಅಂಟುತ್ತದೆ. ಜಂಬಿಲಾ ಅದನ್ನು ಬಾಯಿಂದ ಊದಿ ಬಿಸಿ ಮಾಡಿಕೊಂಡು ಬಾಗಿಲು ತೆರೆಯುತ್ತಾರೆ. ಒಳಗೆ ಹೋದ ಮೇಲೆ ಮೊದಲು ಮಾಡುವ ಕೆಲಸ ಬಟ್ಟೆಗಳನ್ನು ಬೇರೆ ಬೇರೆ ಮಾಡುವುದು. ನೆಲಕ್ಕೆ ಬೂದು ಬಟ್ಟೆ, ಮೇಜಿಗೆ ಬಿಳಿ ಬಟ್ಟೆ. ಎರಡಕ್ಕೂ ಬೇರೆ ಬೇರೆ ಬಕೆಟ್ಟು. ಬಕೆಟ್ಟುಗಳ ನಡುವೆ ಒಂದು ಕುರ್ಚಿ ಎಳೆದಿಡುತ್ತಾರೆ, ಮಾತು ಬಿಟ್ಟ ಇಬ್ಬರು ಸೊಸೆಯರ ನಡುವೆ ಅತ್ತೆ ಕೂತ ಹಾಗೆ.

"ನೆಲದ ಬಟ್ಟೆ ಮೇಜಿಗೆ ಸೋಕಬಾರದು. ಸೋಕಿದ್ರೆ ಅದು ಮೇಜಲ್ಲ, ನೆಲಾನೇ," ಎನ್ನುತ್ತಾರೆ.

ಇಲ್ಲಿನವರಿಗೆ ಅದು ಗೊತ್ತಾಗುವುದಿಲ್ಲವಲ್ಲ ಎಂದು ನಾನು ಕೇಳಿದೆ.

"ಇವರಿಗೇನು ಗೊತ್ತಾಗುತ್ತೆ ಮಗಳೇ. ಮೇಜಿನ ಮೇಲೆ ಟೋಪಿ ಇಡೋ ಜನ."

ಜಂಬಿಲಾ ನಮ್ಮ ಕೇರಿಯವರು. ಊರಿನ ಹೆದ್ದಾರಿಯ ಆಚೆ, ತಾಮ್ರ ಬಡಿಯುವ ಸದ್ದು ಕೇಳಿಸುವ ಕಡೆ ಇರುವ, ಊರಿನವರು ಜಿಪ್ಸಿಗಳೆಂದು ಕರೆಯುವ ರೋಮಾ ಜನರ ಕೇರಿ. ನಲವತ್ತು ದಾಟಿದ ಹೆಂಗಸು. ಗಂಡ ಕಟ್ಟಡ ಕೆಲಸಕ್ಕೆ ಹೊರದೇಶದಲ್ಲಿದ್ದಾನೆ, ಮಗಳಿಗೆ ಮದುವೆಯಾಗಿದೆ, ಮೊಮ್ಮಗಳು ಲುಲುದಿ ಒಂದನೇ ತರಗತಿ. ಪುರಸಭೆಯ ಸಭಾಂಗಣ, ಮೆಟ್ಟಿಲು, ಅಧ್ಯಕ್ಷರ ಕೋಣೆ, ಶೌಚಾಲಯ ಎಲ್ಲವನ್ನೂ ಒರೆಸುವುದು ಇವರೊಬ್ಬರೇ. ಸಿಬ್ಬಂದಿ ಬರುವ ಹೊತ್ತಿಗೆ ಕೆಲಸ ಮುಗಿಯಬೇಕು ಎಂಬುದು ನಿಯಮ. ಹಾಗಾಗಿ ಇಷ್ಟು ವರ್ಷಗಳಲ್ಲಿ ಇವರ ಮುಖ ಸರಿಯಾಗಿ ನೋಡಿದವರು ಕಡಿಮೆ. ನೋಡಿದವರಲ್ಲಿ ಮುಖ್ಯರಾದವರು ಪುರಸಭೆಯ ಕಾರ್ಯದರ್ಶಿ ಒಟಿಲಿಯಾ ಮೇಡಂ.

ಮೇಡಂ ಅವರು ಜಂಬಿಲಾಗೆಂದೇ ಒಂದು ಕಾಫಿ ಕಪ್ಪು ತೆಗೆದಿಟ್ಟಿದ್ದಾರೆ. ನೀಲಿ ಹಿಡಿಯ ಕಪ್ಪು. ಉಳಿದ ಕಪ್ಪುಗಳು ಕಪಾಟಿನಲ್ಲಿದ್ದರೆ ಇದು ಕೈ ತೊಳೆಯುವ ತೊಟ್ಟಿಯ ಕೆಳಗೆ, ಇಲಿ ಪಾಷಾಣದ ಪಕ್ಕದಲ್ಲಿ ಇರುತ್ತದೆ. ಜಂಬಿಲಾ ಅದನ್ನು ಒಂದು ದಿನವೂ ಮುಟ್ಟಿಲ್ಲ. ಮನೆಯಿಂದ ತಮ್ಮದೇ ಕಪ್ಪನ್ನು ಒಗೆದ ಬಟ್ಟೆಯಲ್ಲಿ ಸುತ್ತಿ ತರುತ್ತಾರೆ.

"ಪಾಪ, ಜಂಬಿಲಾಗೆ ತನ್ನ ಜಾಗ ಯಾವುದು ಅಂತ ಗೊತ್ತು," ಎಂದು ಮೇಡಂ ನನ್ನ ಬಳಿ ಮೆಚ್ಚಿ ಹೇಳಿದರು. "ಅವರೆಲ್ಲರ ಹಾಗಲ್ಲ ಅವಳು."

ಜಂಬಿಲಾ ಹೇಳಿದ ಕಾರಣ ಬೇರೆ. "ಇವರು ಕೈ ತೊಳೆಯೋ ತೊಟ್ಟೀಲೇ ಕಪ್ಪು ತೊಳೀತಾರೆ ಕಣೇ. ಆ ಮೇಡಂ ಒಂದಿನ ಅದರಲ್ಲೇ ಕಾಲುಚೀಲ ಹಿಂಡಿದ್ದನ್ನ ನಾನು ಕಣ್ಣಾರೆ ನೋಡಿದ್ದೀನಿ. ಅದರಲ್ಲಿ ಕಾಫಿ ಕುಡಿಯೋದು ಹೇಗೆ? ಹೇಳಿದ್ರೆ ಬೇಜಾರು ಮಾಡ್ಕೋತಾರೆ ಅಂತ ಸುಮ್ನಿದ್ದೀನಿ."

ಹೀಗೆ ಒಬ್ಬರ ಮೈಲಿಗೆಯನ್ನು ಇನ್ನೊಬ್ಬರು ಸಹಿಸಿಕೊಂಡು, ಇಬ್ಬರೂ ತಮ್ಮ ತಮ್ಮ ದೊಡ್ಡತನಕ್ಕೆ ತಾವೇ ತಲೆದೂಗುತ್ತ ಬಂದಿದ್ದಾರೆ. ಇದನ್ನು ಪತ್ರಿಕೆಯಲ್ಲಿ ಬರೆದರೆ ಕೆಲಸಕ್ಕೆ ತೊಂದರೆಯಾದೀತೇ ಎಂದು ನಾನು ಎರಡು ಸಲ ಕೇಳಿದೆ.

"ಬರಿ. ಮೇಡಂ ಓದೋದು ರಾಶಿಭವಿಷ್ಯ, ಅಧ್ಯಕ್ಷರು ಓದೋದು ಫುಟ್ಬಾಲು. ಮಧ್ಯದ ಪುಟ ನಾನೇ ಕಿಟಕಿ ಗಾಜಿಗೆ ಹಾಕಿ ಉಜ್ಜೋದು."

ಜಂಬಿಲಾ ಬಗ್ಗೆ ಬರೆಯಬೇಕಾಗಿ ಬಂದದ್ದು ಕಪ್ಪಿನಿಂದಲ್ಲ, ಬಸ್ಸಿನಿಂದ. ಊರಿಗೆ ಹೋಗುವ ಬಸ್ಸು ನಮ್ಮ ಕೇರಿಯ ಮುಂದೆಯೇ ಹಾದುಹೋಗುತ್ತದೆ. ಹಾದುಹೋಗುತ್ತಿತ್ತು, ಅಷ್ಟೇ. ಕೈ ಮಾಡಿದರೆ ಚಾಲಕ ಸೋರಿನ್ ತಾನೂ ಕೈ ಬೀಸುತ್ತಿದ್ದ. ಕೇಳಿದರೆ, ಅಲ್ಲಿ ನಿಲ್ದಾಣ ಇಲ್ಲ ಎಂಬ ಉತ್ತರ. ಮಕ್ಕಳು ಲಾರಿಗಳ ಪಕ್ಕದಲ್ಲಿ ಹೆದ್ದಾರಿಯ ಅಂಚು ಹಿಡಿದು ಶಾಲೆಗೆ ನಡೆಯುತ್ತಿದ್ದರು. ತಡವಾಗಿ, ಕೆಸರಿನ ಕಾಲಲ್ಲಿ ತಲುಪಿದವರಿಗೆ, ನಿಮ್ಮ ಜನಕ್ಕೆ ಹೊತ್ತಿನ ಬೆಲೆ ಗೊತ್ತಿಲ್ಲ ಎಂದು ಟೀಚರು ಹೇಳುತ್ತಿದ್ದರು. ಹೋದ ಚಳಿಗಾಲದಲ್ಲಿ ಒಂದು ಲಾರಿಯ ಪಕ್ಕದ ಕನ್ನಡಿ ಲುಲುದಿಯ ಚೀಲವನ್ನು ಸಿಕ್ಕಿಸಿಕೊಂಡು ಹೋಯಿತು. ಚೀಲ ಮಾತ್ರ ಹೋಯಿತು. ಅಂದು ಸಂಜೆ ಜಂಬಿಲಾ ಮೊಮ್ಮಗಳ ಎರಡು ಭುಜಗಳನ್ನೂ ಮತ್ತೆ ಮತ್ತೆ ಮುಟ್ಟಿ ನೋಡುತ್ತಿದ್ದರು ಎಂದು ಮನೆಯವರು ಹೇಳುತ್ತಾರೆ. ಜಂಬಿಲಾ ಆ ಮಾತು ಎತ್ತುವುದಿಲ್ಲ.

ನಿಲ್ದಾಣದ ಭರವಸೆ ಮಾತ್ರ ಹಳೆಯದು. ಪ್ರತಿ ಚುನಾವಣೆಯಲ್ಲೂ ಎಲ್ಲ ಪಕ್ಷದವರೂ ಹಿಟ್ಟು, ಎಣ್ಣೆ ಹಂಚಿ, ನಮ್ಮ ಮಕ್ಕಳನ್ನು ಎತ್ತಿಕೊಂಡು ಫೋಟೊ ತೆಗೆಸಿಕೊಂಡು, ನಿಲ್ದಾಣ ಕೊಡುತ್ತೇವೆ ಎನ್ನುತ್ತಿದ್ದರು. ಒಮ್ಮೆ ಮತದಾನದ ಹಿಂದಿನ ವಾರ ನಿಜವಾಗಿಯೂ ಒಂದು ಕಂಬ ನೆಟ್ಟರು, ಬಸ್ಸಿನ ಚಿತ್ರ ಇದ್ದ ಕಂಬ. ಎಣಿಕೆ ಮುಗಿದ ಮೇಲೆ ಬಂದು ಕಿತ್ತುಕೊಂಡು ಹೋದರು. ಪಕ್ಕದ ಪಟ್ಟಣದಲ್ಲಿ ಇನ್ನೂ ಚುನಾವಣೆ ಮುಗಿದಿರಲಿಲ್ಲವಂತೆ.

ಹಾಗಾಗಿ ಈ ಸಲ ನಮ್ಮವರೇ ಒಬ್ಬರು ನಿಲ್ಲಲಿ ಎಂದು ಕೇರಿ ತೀರ್ಮಾನಿಸಿತು. ತೀರ್ಮಾನವಾದ ಮಾರನೇ ದಿನವೇ ಮೂವರು ನಿಂತರು. ಹಿರಿಯರ ಪಂಚಾಯಿತಿ ಕೂತು, ಒಂದು ಇಡೀ ಕುರಿ ಮುಗಿಯುವವರೆಗೆ ವಾದ ನಡೆದು, ಇಬ್ಬರನ್ನು ಕೂರಿಸಿದರು. ಉಳಿದವನು ಜಂಬಿಲಾ ಅವರ ಮೈದುನ ಗ್ರುಯಾ. ಬ್ರಾಂದಿ ಇಳಿಸುವ ತಾಮ್ರದ ಹಂಡೆ ಮಾಡುವವನು. ಅವನನ್ನೇ ಆರಿಸಲು ಕಾರಣ ಏನು ಎಂದು ಒಬ್ಬ ಹಿರಿಯರನ್ನು ಕೇಳಿದೆ. "ಅವನು ಮಾತಾಡೋದು ಕಡಿಮೆ. ಮಾತಾಡದವನ ಮೇಲೆ ಯಾರಿಗೂ ಸಿಟ್ಟಿಲ್ಲ," ಎಂದರು. ಗ್ರುಯಾ ಗೆದ್ದ. ಕೇರಿಯಿಂದ ಪುರಸಭೆಗೆ ಹೋದ ಮೊದಲ ಸದಸ್ಯ.

ಮೊದಲ ಸಭೆಯಲ್ಲೇ ಬಸ್ ನಿಲ್ದಾಣದ ವಿಷಯ ಮತಕ್ಕೆ ಬಂತು. ಅಧ್ಯಕ್ಷ ಕ್ರಿಶಾನ್ ಮತ್ತು ಅವರ ಕಡೆಯವರು ಸೇರಿ ಐವರು ಬೇಡ ಎನ್ನುವವರು. ಎದುರು ಗುಂಪಿನ ಐವರು ಬೇಕು ಎನ್ನುವವರು. ನಮ್ಮ ಮೇಲಿನ ಪ್ರೀತಿಯಿಂದಲ್ಲ, ಅಧ್ಯಕ್ಷರು ಬೇಡ ಎಂದಿದ್ದರಿಂದ. ಹನ್ನೊಂದನೆಯ ಕೈ ಗ್ರುಯಾನದು. ಅದು ಎದ್ದರೆ ನಿಲ್ದಾಣ ಉಂಟು, ಇಲ್ಲದಿದ್ದರೆ ಇಲ್ಲ.

ಆ ಕೈ ಏಳುವುದನ್ನು ನೋಡಬೇಕೆಂದು ಜಂಬಿಲಾ ಅಂದು ಕೆಲಸ ಮುಗಿಸಿ ಮನೆಗೆ ಓಡಿ, ಸ್ನಾನ ಮಾಡಿ, ನೆರಿಗೆ ಲಂಗ ಉಟ್ಟು, ಕಿವಿಗೆ ಚಿನ್ನ ಹಾಕಿಕೊಂಡು ವಾಪಸು ಬಂದರು. ಜೊತೆಗೆ ಗ್ರುಯಾನ ಹೆಂಡತಿ ಸವೇತಾ, ಅತ್ತೆ ರಫಿರಾ, ಪಕ್ಕದ ಮನೆಯ ಇಬ್ಬರು ಹೆಂಗಸರು.

ಸಭಾಂಗಣದಲ್ಲಿ ನಮ್ಮವರು ಆಗ ಕೂರುತ್ತಿದ್ದದ್ದು ಮೇಲಿನ ಗ್ಯಾಲರಿಯಲ್ಲಿ. ಹಾಗೆಂದು ಎಲ್ಲಿಯೂ ಬರೆದಿರಲಿಲ್ಲ. ಕೆಳಗಿನ ಕುರ್ಚಿಗಳ ಮೇಲೆ 'ಕಾಯ್ದಿರಿಸಿದೆ' ಎಂಬ ಚೀಟಿಗಳಿರುತ್ತಿದ್ದವು. ಊರಿನವರು ಬಂದರೆ ಅವುಗಳನ್ನು ಎತ್ತಿ ಪಕ್ಕಕ್ಕಿಡುತ್ತಿದ್ದರು. ಆ ಚೀಟಿಗಳ ಧೂಳನ್ನೂ ದಿನಾ ಒರೆಸುತ್ತಿದ್ದವರು ಜಂಬಿಲಾ. ನಮ್ಮವರು ಮೇಲೆ ಹತ್ತಿದ ಕೂಡಲೇ ಒಟಿಲಿಯಾ ಮೇಡಂ ಗ್ಯಾಲರಿಯ ಬಾಗಿಲಿಗೆ ಹೊರಗಿನಿಂದ ಚಿಲಕ ಹಾಕುತ್ತಿದ್ದರು, ಸಭೆಯ ಹೊತ್ತಿನಲ್ಲಿ ಯಾರೂ ಕಟ್ಟಡದೊಳಗೆ ಓಡಾಡಬಾರದೆಂದು. ಅಂದೂ ಹಾಕಿದರು.

ಇನ್ನು ನಮ್ಮ ಕಡೆಯ ಒಂದು ವಿಷಯ ಹೇಳಬೇಕು. ಹೆಂಗಸಿನ ಲಂಗ ಗಂಡಸಿನ ತಲೆಯ ಮೇಲ್ಗಡೆ ಇರಬಾರದು. ಅವಳು ಮೇಲಿರುವಾಗ ಅವನು ಕೆಳಗೆ ಹಾದರೆ ಅವನಿಗೆ ಮೈಲಿಗೆ. ಕೇರಿಯಲ್ಲಿ ಮಹಡಿ ಕಟ್ಟಿಸಿದವರಿದ್ದಾರೆ, ಮಹಡಿಯಲ್ಲಿ ಮಲಗುವ ಸೊಸೆಯರಿಲ್ಲ. ಮೈಲಿಗೆಯಾದವನ ಜೊತೆ ಯಾರೂ ಉಣ್ಣುವುದಿಲ್ಲ, ಅವನು ಬಡಿದ ಹಂಡೆ ಮುಟ್ಟುವುದಿಲ್ಲ. ಹಿರಿಯರು ಕೂತು ಬಿಡಿಸುವವರೆಗೆ ಮದುವೆ ಮನೆಯಲ್ಲೂ ಅವನು ಬೇಲಿಯಾಚೆ. ಊರಿನ ಗಂಡಸರಿಗೆ ಇದು ತಟ್ಟುವುದಿಲ್ಲ ಎಂಬುದು ನಮ್ಮವರ ಲೆಕ್ಕ. ಇಷ್ಟು ವರ್ಷ ಗ್ಯಾಲರಿಯ ಕೆಳಗೆ ಕೂತವರೆಲ್ಲ ಊರಿನವರೇ ಆಗಿದ್ದರಿಂದ ಯಾರಿಗೂ ಏನೂ ಹೊಳೆದಿರಲಿಲ್ಲ.

ಹೊಸ ಸದಸ್ಯನ ಕುರ್ಚಿ ಕೊನೆಯ ಸಾಲಿನಲ್ಲಿ, ಬಾಗಿಲ ಹತ್ತಿರ, ನೇರ ಗ್ಯಾಲರಿಯ ಕೆಳಗಿತ್ತು.

"ಆ ಕುರ್ಚಿ ಬೆಳಿಗ್ಗೆ ಒರೆಸಿದವಳೂ ನಾನೇ. ಹೆಸರಿನ ಹಲಗೆ ನೆಟ್ಟಗಿಟ್ಟವಳೂ ನಾನೇ. ಅಲಂಕಾರ ಮಾಡ್ಕೊಂಡು ಹೋಗಿ ಅದರ ನೆತ್ತಿ ಮೇಲೆ ಕೂತವಳೂ ನಾನೇ," ಎಂದು ಜಂಬಿಲಾ ಈಗ ನಗುತ್ತಾರೆ.

ಗ್ರುಯಾ ಕೊನೆಗೆ ಬಂದ. ಬಾಗಿಲಲ್ಲಿ ಟೋಪಿ ತೆಗೆದು ಒಳಗೆ ಒಂದು ಕಾಲಿಟ್ಟವನು ಮೇಲೆ ನೋಡಿದ. ಕಟಕಟೆಯ ಸಂದಿಯಲ್ಲಿ ಹೂಹೂವಿನ ಲಂಗಗಳು. ಕಾಲು ಹಿಂದಕ್ಕೆಳೆದ. ಟೋಪಿ ಹಾಕಿಕೊಂಡ, ಮತ್ತೆ ತೆಗೆದ. ಟೋಪಿ ತಡೆಯುವಂಥದ್ದಲ್ಲ ಅದು.

"ಬನ್ನಿ ಗ್ರುಯಾ, ಕೂತ್ಕೊಳ್ಳಿ," ಎಂದರು ಅಧ್ಯಕ್ಷ ಕ್ರಿಶಾನ್.

"ಇಲ್ಲೇ ಚೆನ್ನಾಗಿದೆ."

"ಬಾಗಿಲಲ್ಲಿ ನಿಂತವರ ಮತ ಎಣಿಸೋ ಹಾಗಿಲ್ಲ. ಕುರ್ಚಿಯಲ್ಲಿ ಕೂತು ಕೈ ಎತ್ತಬೇಕು."

"ಕೂರ್ತೀನಿ."

"ಯಾವಾಗ?"

"ಸ್ವಲ್ಪ ಹೊತ್ತು ಹೋಗ್ಲಿ."

ಎದುರು ಗುಂಪಿನಲ್ಲಿ ಒಬ್ಬ ಹಲ್ಲಿನ ಡಾಕ್ಟರಿದ್ದಾರೆ, ಒಳ್ಳೆಯ ಮನುಷ್ಯ, ಭಾಷಣದ ಚಟ. ಅವರು ಎದ್ದು ನಿಂತು, ಶತಮಾನಗಳ ಅವಮಾನದ ವಿರುದ್ಧ ಇದೊಂದು ಮೌನ ಪ್ರತಿಭಟನೆ ಎಂದು ಶುರು ಮಾಡಿದರು. ಹೊಸ್ತಿಲ ಮೇಲೆ ನಿಂತವನು ನಮ್ಮೆಲ್ಲರ ಆತ್ಮಸಾಕ್ಷಿ ಎಂದರು. ಆತ್ಮಸಾಕ್ಷಿ ಟೋಪಿಯ ಅಂಚು ತಿರುಗಿಸುತ್ತ ಮೇಲೆ ನೋಡುತ್ತಿತ್ತು. ಭಾಷಣ ಮುಗಿದ ಕೂಡಲೇ ಮತಕ್ಕೆ ಹಾಕುವುದಾಗಿ ಅಧ್ಯಕ್ಷರು ಹೇಳಿದರು. ಅವರಿಗೆ ಬಹಳ ಖುಷಿಯಾಗಿತ್ತು.

ಗ್ಯಾಲರಿಯಲ್ಲಿ ಸವೇತಾ ಜಂಬಿಲಾ ಅವರನ್ನು ತಿವಿದಳು. "ಇವರ್ಯಾಕೆ ಹಂಗೆ ನಿಂತವ್ರೆ ಅಕ್ಕ? ಕಾಲು ಜೋಮು ಹಿಡೀತಾ?"

ಜಂಬಿಲಾ ಕೆಳಗಿನ ಕುರ್ಚಿ ನೋಡಿದರು, ತಮ್ಮ ಲಂಗ ನೋಡಿಕೊಂಡರು. "ನಾವು ಕಣೇ. ನಾವು ಮೇಲಿದ್ದೀವಿ."

"ಯಾವಾಗ್ಲೂ ಮೇಲೇ ಇರ್ತೀವಲ್ಲ."

"ಯಾವಾಗ್ಲೂ ಕೆಳಗೆ ನಮ್ಮವರಿರ್ತಿರ್ಲಿಲ್ಲ."

ಸವೇತಾ ಹೋಗಿ ಬಾಗಿಲು ತಳ್ಳಿ ಬಂದಳು. "ಚಿಲಕ. ಬಡಿಯೋಣ್ವಾ?"

"ಬಡಿದ್ರೆ ಗಲಾಟೆ ಮಾಡಿದ್ರು ಅಂತ ಸಭೆ ನಿಲ್ಲಿಸ್ತಾರೆ. ಅವರಿಗೆ ಅದೇ ಬೇಕು."

"ನೀವೆಲ್ಲ ಬೆಂಚಿನಡಿ ಮಲ್ಕೊಳ್ಳಿ. ಅವನ ಕಣ್ಣಿಗೆ ಕಾಣಿಸಲ್ಲ," ಎಂದರು ಅತ್ತೆ ರಫಿರಾ.

"ಮಲ್ಕೊಂಡ್ರೂ ಮೇಲೇ ತಾನೇ ಅತ್ತೆ."

"ಹಂಗಾದ್ರೆ ನಾನೂ ಮೇಲಿದ್ದೀನಲ್ಲ."

"ನಿಮಗೆ ವಯಸ್ಸಾಯ್ತು. ನಿಮ್ಮದು ಲೆಕ್ಕಕ್ಕಿಲ್ಲ," ಎಂದಳು ಸವೇತಾ. ವಯಸ್ಸಾದ ಹೆಂಗಸರ ಲಂಗಕ್ಕೆ ಈ ಮೈಲಿಗೆ ಇಲ್ಲ, ಅದೂ ನಮ್ಮ ಲೆಕ್ಕವೇ. ಆದರೆ ಅದನ್ನು ಮುಖಕ್ಕೆ ಹೇಳುವ ವಾಡಿಕೆಯಿಲ್ಲ.

"ನಂದು ಲೆಕ್ಕಕ್ಕಿಲ್ಲ ಅಂತ ಯಾವಳು ಹೇಳಿದ್ದು ನಿಂಗೆ?" ಎಂದು ಮುದುಕಿ ಕೋಲು ಹುಡುಕತೊಡಗಿತು.

ಗ್ಯಾಲರಿಯಿಂದ ಇಳಿಯಲು ಇನ್ನೊಂದು ದಾರಿ ಇದೆ. ಅಧ್ಯಕ್ಷರ ಪೀಠದ ಪಕ್ಕಕ್ಕೆ ಇಳಿಯುವ ಕಡಿದಾದ ಮರದ ಮೆಟ್ಟಿಲು. ಜಂಬಿಲಾ ಬೆಳಿಗ್ಗೆ ಬಕೆಟ್ಟು ಹಿಡಿದು ಹತ್ತಿ ಇಳಿಯುವುದು ಅದರಲ್ಲೇ. ಅದರಲ್ಲಿ ಇಳಿದರೆ ನಡೆಯುತ್ತಿರುವ ಸಭೆಯ ನಟ್ಟನಡುವೆ ಬಂದು ನಿಂತ ಹಾಗೆ. ಚಿನ್ನ ಹಾಕಿಕೊಂಡ ರೋಮಾ ಹೆಂಗಸರು ಕಾಯ್ದಿರಿಸಿದ ಕುರ್ಚಿಗಳ ಸಾಲಿಗೆ ಬಂದರೆ ಸಭೆ ಮುಂದುವರಿಯುವುದಿಲ್ಲ. ಜಂಬಿಲಾ ಮೂಲೆಯ ಕಪಾಟು ನೋಡಿದರು. ಅವರ ಬಕೆಟ್ಟು, ಬಟ್ಟೆ, ಪೊರಕೆ ಇರುವುದು ಅಲ್ಲೇ.

"ತಗೊಳ್ಳಿ," ಎಂದು ಎಲ್ಲರ ಕೈಗೂ ಒಂದೊಂದು ಕೊಟ್ಟರು. "ಇದು ಕೈಯಲ್ಲಿದ್ರೆ ನಮ್ಮನ್ನ ಯಾರೂ ನೋಡಲ್ಲ."

ನಾಲ್ವರು ಹೆಂಗಸರು ಮೆಟ್ಟಿಲಿಳಿದು ಸಭೆಗೆ ಬಂದರು. ಡಾಕ್ಟರು ಮಾತು ನಿಲ್ಲಿಸಲಿಲ್ಲ; ಪೊರಕೆ ಹತ್ತಿರ ಬಂದಾಗ ರೂಢಿಯಂತೆ ಒಂದು ಕಾಲೆತ್ತಿ, ಸಮಾನತೆಯ ಬಗ್ಗೆ ಮುಂದುವರಿಸಿದರು. ಒಬ್ಬ ಸದಸ್ಯರು ಸವೇತಾಳ ಕೈಗೆ ಖಾಲಿ ಲೋಟ ಕೊಟ್ಟರು. ಒಟಿಲಿಯಾ ಮೇಡಂ ಮಾತ್ರ ತಲೆಯೆತ್ತಿದರು.

"ಈಗಲೇ ಒರೆಸಬೇಕಾ ಜಂಬಿಲಾ?"

"ಬೆಳಿಗ್ಗೆ ಒಂದು ಕಡೆ ಬಿಟ್ಟುಹೋಗಿತ್ತು ಮೇಡಂ."

"ಇವರು?"

"ಸಹಾಯಕ್ಕೆ ಬಂದವರು."

"ನೆಲ ಒರೆಸೋಕೆ ಇಷ್ಟು ಒಡವೆ ಹಾಕ್ಕೊಂಡು?"

"ಸಭೆ ಅಂದ್ಮೇಲೆ ಮರ್ಯಾದೆ ಬೇಡ್ವಾ ಮೇಡಂ."

ಮೇಡಂಗೆ ಅದು ಸರಿ ಎನಿಸಿತು. ಬೇಗ ಮುಗಿಸು ಎಂದು ಬರವಣಿಗೆಗೆ ಮರಳಿದರು.

ಡಾಕ್ಟರ ಭಾಷಣ ಮುಗಿಯಿತು. ಗ್ರುಯಾ ಇನ್ನೂ ಬಾಗಿಲಲ್ಲೇ ಇದ್ದ. ಗ್ಯಾಲರಿಯಲ್ಲಿ ಇನ್ನೊಂದು ಲಂಗ ಉಳಿದಿತ್ತು. ಮಂಡಿನೋವಿನ ರಫಿರಾ ಆ ಕಡಿದಾದ ಮೆಟ್ಟಿಲಿಳಿಯಲಾಗದೆ ಅಲ್ಲೇ ಕೂತಿದ್ದರು. ಅವನು ತಾಯಿಯನ್ನು ನೋಡಿದ. ತಾಯಿ ಕಟಕಟೆಗೆ ಬಾಗಿ, ಇಡೀ ಸಭೆಗೆ ಕೇಳಿಸುವ ಹಾಗೆ ಹೇಳಿದರು:

"ಹೋಗಿ ಕೂತ್ಕೊಳ್ಳಪ್ಪ. ನಂದು ಲೆಕ್ಕಕ್ಕಿಲ್ವಂತೆ. ನಿನ್ನ ಹೆಂಡ್ತಿ ಹೇಳಿದ್ಲು."

ಗ್ರುಯಾ ಒಳಗೆ ಬಂದು ಕೂತ. ಕೂತವನೇ ಕೈ ಎತ್ತಿದ. ಅಧ್ಯಕ್ಷರು ಇನ್ನೂ ವಿಷಯ ಓದಿ ಹೇಳಿರಲಿಲ್ಲ, ಆದರೂ ಇಳಿಸಲಿಲ್ಲ. ಓದಿ ಮುಗಿಸುವವರೆಗೆ ಎತ್ತಿಯೇ ಇದ್ದ. ಆರು ಕೈ, ಐದು ಕೈ. ನಿಲ್ದಾಣ ಮಂಜೂರಾಯಿತು.

ಎಲ್ಲರೂ ಜಂಬಿಲಾ ಅವರ ಉಪಾಯವನ್ನು ಹೊಗಳುತ್ತಾರೆ. ಅವರಿಗೆ ಮಾತ್ರ ಒಂದು ಕೊರಗು. ಗಂಡ ಕೈ ಎತ್ತಿದ ಸಂಭ್ರಮದಲ್ಲಿ ಸವೇತಾ ಎದುರಿಗೆ ಸಿಕ್ಕ ಅಧ್ಯಕ್ಷರ ಮೇಜನ್ನು ಗಸಗಸ ಒರೆಸಿದಳು. ಅವಳ ಕೈಯಲ್ಲಿದ್ದದ್ದು ಬೂದು ಬಟ್ಟೆ.

"ನೆಲದ್ದು," ಎಂದು ಜಂಬಿಲಾ ದನಿ ತಗ್ಗಿಸುತ್ತಾರೆ. "ಕೂಗೋ ಹಾಗೂ ಇಲ್ಲ, ಕಿತ್ಕೊಳ್ಳೋ ಹಾಗೂ ಇಲ್ಲ. ಸಭೆ ಮುಗಿದ ಮೇಲೆ ಅಧ್ಯಕ್ಷರು ಅದೇ ಮೇಜಿನ ಮೇಲೆ ರೊಟ್ಟಿ ಇಟ್ಕೊಂಡು ತಿಂದ್ರು. ನನ್ನ ಕಣ್ಣ ಮುಂದೆ. ಆ ಮನುಷ್ಯ ನಮಗೇನೂ ಒಳ್ಳೇದು ಮಾಡಿಲ್ಲ, ಸರಿ. ಆದ್ರೂ ರೊಟ್ಟಿ ರೊಟ್ಟೀನೇ ಅಲ್ವಾ. ಸಂಜೆ ಹೋಗಿ ವಿನೆಗರ್ ಹಾಕಿ, ಉಪ್ಪು ಹಾಕಿ ಮೂರು ಸಲ ತೊಳೆದೆ. ಅದನ್ನೂ ಬರಿ."

ಗ್ರುಯಾ ಬಾಗಿಲಲ್ಲಿ ನಿಂತದ್ದೇಕೆ ಎಂದು ಅಧ್ಯಕ್ಷರು ಅಂದೇ ವಿಚಾರಿಸಿದರು. ಅವನು ನಾಚಿಕೊಂಡು ತಾಯಿಯ ಕಡೆ ಕೈ ತೋರಿಸಿದ. ಅಷ್ಟರಲ್ಲಿ ಚಿಲಕ ತೆಗೆಸಿಕೊಂಡು ಕೆಳಗೆ ಬಂದಿದ್ದ ರಫಿರಾ ಬಿಡಿಸಿ ಬಿಡಿಸಿ ವಿವರಿಸಿದರು.

"ಅಂದ್ರೆ ಇಷ್ಟು ವರ್ಷ ನೀವು ಮೇಲೆ ಕೂತಿದ್ರಿ, ನಾವು ಕೆಳಗೆ..." ಅಧ್ಯಕ್ಷರು ಅಲ್ಲಿಗೇ ನಿಲ್ಲಿಸಿದರು.

"ನೀವು ಯೋಚನೆ ಮಾಡ್ಬೇಡಿ ಸ್ವಾಮಿ. ನಿಮಗೆ ತಟ್ಟಲ್ಲ. ತಟ್ಟಬೇಕಾದ್ರೆ ಮೊದಲು ಶುದ್ಧ ಇರಬೇಕಲ್ಲ."

ಇದರಿಂದ ಸಮಾಧಾನಪಡಬೇಕೋ ಬೇಡವೋ ಅಧ್ಯಕ್ಷರಿಗೆ ತಿಳಿಯಲಿಲ್ಲ. ಮುಂದಿನ ಸಭೆಯಲ್ಲಿ ಅವರು ಮಾತಿನ ಮಧ್ಯೆ ಮೇಲೆ ನೋಡುತ್ತಿದ್ದರು. ಅದರ ಮುಂದಿನ ಸಭೆಯ ಹೊತ್ತಿಗೆ ಗ್ಯಾಲರಿಗೆ 'ದುರಸ್ತಿಯಲ್ಲಿದೆ' ಎಂಬ ಹಲಗೆ ಬಿತ್ತು, ಕೆಳಗಿನ ಕುರ್ಚಿಗಳ ಚೀಟಿಗಳು ಮಾಯವಾದವು. ಈಗ ನಮ್ಮವರು ಕೂರುವುದು ಕೆಳಗೆ. ನ್ಯಾಯ ಕೇಳಿ ಕೊಟ್ಟ ಅರ್ಜಿಗಳಿಗೆ ಆಗದ್ದು ಲಂಗದ ಭಯದಿಂದ ಆಯಿತು. ದುರಸ್ತಿಗೆ ಈವರೆಗೆ ಯಾರೂ ಬಂದಿಲ್ಲ. ನೀಲಿ ಹಿಡಿಯ ಕಪ್ಪು ಮಾತ್ರ ಇನ್ನೂ ತೊಟ್ಟಿಯ ಕೆಳಗೇ ಇದೆ, ಯಾರೂ ಮುಟ್ಟದೆ.

ಕೆಲಸ ಮುಗಿಯಿತು. ಜಂಬಿಲಾ ಬಟ್ಟೆಗಳನ್ನು ಹಿಂಡಿ, ಬೂದು ಒಂದು ಹಗ್ಗಕ್ಕೆ, ಬಿಳಿ ಇನ್ನೊಂದು ಹಗ್ಗಕ್ಕೆ ಹರವಿ ಹೊರಡುತ್ತಾರೆ. ಅವರು ಕೆಲಸಕ್ಕೆ ಬರುವ ಹೊತ್ತಿಗೆ ಬಸ್ಸು ಶುರುವಾಗಿರುವುದಿಲ್ಲ; ಮರಳುವಾಗ ಆ ಕಡೆಗೆ ಹೋಗುವ ಬಸ್ಸು ಮಧ್ಯಾಹ್ನದವರೆಗೆ ಇಲ್ಲ. ತಾವು ಕೊಡಿಸಿದ ನಿಲ್ದಾಣದಿಂದ ಅವರಿಗೆ ಸಿಕ್ಕಿದ್ದೇನೂ ಇಲ್ಲ. ಹೆದ್ದಾರಿಯ ಅಂಚಿನಲ್ಲಿ ಇಬ್ಬರೂ ನಡೆಯುತ್ತೇವೆ. ಲುಲುದಿ ಈಗ ಘಂಟೆ ಹೊಡೆಯುವ ಮೊದಲೇ ಶಾಲೆಯಲ್ಲಿರುತ್ತಾಳೆ. "'ಟೀಚರೇ ತಡವಾಗಿ ಬರ್ತಾರೆ ಅಜ್ಜಿ, ಅವರಿಗೆ ಹೊತ್ತಿನ ಬೆಲೆ ಗೊತ್ತಿಲ್ಲ' ಅಂತಾಳೆ," ಎಂದು ಜಂಬಿಲಾ ಹೇಳುತ್ತಾರೆ.

ಇನ್ನೇನಾದರೂ ಆಸೆ ಉಂಟೇ ಎಂದು ಕೇಳುತ್ತೇನೆ. ಅವರು ಉತ್ತರಿಸುವ ಮೊದಲು ಕೇರಿಯ ಹೊಸ ನಿಲ್ದಾಣದ ಕಂಬ ಕಾಣುತ್ತದೆ, ದೂರದಲ್ಲಿ ಊರಿನ ಕಡೆಗೆ ಹೋಗುವ ಬಸ್ಸೂ ಕಾಣುತ್ತದೆ. ಜಂಬಿಲಾ ಲಂಗ ಎತ್ತಿ ಹಿಡಿದು ಓಡುತ್ತಾರೆ. ಕಂಬದ ಪಕ್ಕ ನೆಟ್ಟಗೆ ನಿಂತು ಕೈ ಮಾಡುತ್ತಾರೆ. ಬಸ್ಸು ನಿಲ್ಲುತ್ತದೆ. ಬಾಗಿಲು ತೆರೆಯುತ್ತದೆ. ಒಳಗೆ ಅದೇ ಸೋರಿನ್.

"ಹತ್ತು," ಎನ್ನುತ್ತಾನೆ.

"ಇಲ್ಲ, ನೀನು ಹೋಗು."

"ಮತ್ತೆ ಕೈ ಯಾಕೆ ಮಾಡಿದ್ದು?"

"ನಿಲ್ಲಿಸ್ತೀಯೋ ಇಲ್ವೋ ನೋಡೋಣ ಅಂತ."

"ನಿನ್ನೇನೂ ನೋಡಿದ್ಯಲ್ಲ ತಾಯಿ."

"ನಾಳೇನೂ ನೋಡ್ತೀನಿ," ಎನ್ನುತ್ತಾರೆ ಜಂಬಿಲಾ.